ನಿಂಬೆಯ ಹಳದಿ

ಮಿಲಾನಿನ ಕಾಲುವೆ ದಂಡೆಯ ಬೊಚ್ಚೆ ಎಂಬ ಚೆಂಡಾಟದ ಸಂಘದಲ್ಲಿ ಸರಕಾರ ಬಿತ್ತೋ ನಿಂತಿತೋ, ಪೋಪ್ ಹೇಳಿದ್ದು ಸರಿಯೋ ತಪ್ಪೋ ಎಂಬಂಥ ಸಂಗತಿಗಳು ಇಸ್ಪೀಟಿನ ಒಂದು ಆಟ ಮುಗಿಯುವುದರೊಳಗೆ ಇತ್ಯರ್ಥವಾಗಿಬಿಡುತ್ತಿದ್ದವು. ಇತ್ಯರ್ಥವಾಗದೆ ವರ್ಷವಿಡೀ ಜೀವ ಹಿಡಿದುಕೊಂಡಿರುತ್ತಿದ್ದ ಘನವಾದ ವಿಷಯ ಒಂದೇ: ಜನವರಿಯ ಕೊನೆಯ ಭಾನುವಾರದ ಊಟಕ್ಕೆ ಗ್ರೆಮೊಲಾದ ಕೊಚ್ಚುವವರು ಯಾರು. ಹಿಡಿ ಪಾರ್ಸ್ಲಿ ಸೊಪ್ಪು, ಚೂರು ಬೆಳ್ಳುಳ್ಳಿ, ನಿಂಬೆಯ ಸಿಪ್ಪೆ. ಇಷ್ಟೇ. ಇದನ್ನು ಹುಡಿಯಾಗಿ ಕೊಚ್ಚಿ, ಕರುವಿನ ಕಾಲಿನ ಮಾಂಸ ಮೂಳೆ ಬಿಡುವಷ್ಟು ಬೆಂದ ಮೇಲೆ, ಒಲೆಯಿಂದ ಇಳಿಸುವ ಹೊತ್ತಿಗೆ ಮೇಲೆ ಉದುರಿಸಿದರೆ ಅದು ಮಿಲಾನಿನ ಊಟ. ಉದುರಿಸದಿದ್ದರೆ ಬರೀ ಕೊಬ್ಬು, ಬೇಡದ ನೆಂಟನ ಹಾಗೆ ಹೊಟ್ಟೆಯಲ್ಲಿ ಕಾಲು ಚಾಚಿ ಕೂತುಬಿಡುತ್ತದೆ. ಆದ್ದರಿಂದ ಕೊಚ್ಚುವ ಅಧಿಕಾರ ಸಣ್ಣದಲ್ಲ. ಸಂಘದ ಅಧ್ಯಕ್ಷರು ಮೂವರು ಬದಲಾಗಿದ್ದರು, ಒಬ್ಬ ಸತ್ತೂ ಇದ್ದ. ಕೊಚ್ಚುವವನು ಮಾತ್ರ ಎಲಿಸೆಯೊ ಕ್ರಿಪ್ಪ, ನಿವೃತ್ತ ಕ್ಷೌರಿಕ. ಅಂಗಡಿ ಮಾರಿದ ಮೇಲೆ ಅವನ ಕೈಗೆ ಉಳಿದ ಹರಿತವಾದ ವಸ್ತು ಅದೊಂದೇ, ಎರಡು ಹಿಡಿಯ ಅರ್ಧಚಂದ್ರ ಕತ್ತಿ. ಬೀದಿಯಲ್ಲಿ ಅವನನ್ನು ಯಾರಾದರೂ 'ಮೇಷ್ಟ್ರೇ' ಎಂದು ಕರೆದರೆ ಅದು ಈ ಕತ್ತಿಯ ದೆಸೆಯಿಂದ. ಸಾವಿರಾರು ತಲೆಗಳನ್ನು ತಿದ್ದಿದ್ದಕ್ಕೆ ಆ ಬಿರುದು ಯಾರೂ ಕೊಟ್ಟಿರಲಿಲ್ಲ.

ಆ ಭಾನುವಾರ ಬೆಳಿಗ್ಗೆ ಸಂಘದ ಅಡಿಗೆಮನೆಯಲ್ಲಿ ಅವನು ಚೀಲ ಬಿಚ್ಚಿದ. ಬಟ್ಟೆಯಲ್ಲಿ ಸುತ್ತಿದ ಕತ್ತಿ ಇತ್ತು, ಅವನದೇ ಮರದ ಹಲಗೆ ಇತ್ತು, ಬೆಳ್ಳುಳ್ಳಿ ಇತ್ತು, ತರಕಾರಿಯವಳು ಕೊಂಡ ಸಾಮಾನಿನ ಮೇಲೆ ಪುಕ್ಕಟೆ ಕೊಟ್ಟ ಪಾರ್ಸ್ಲಿ ಕಟ್ಟು ಇತ್ತು. ನಿಂಬೆ ಇರಲಿಲ್ಲ. ಚೀಲವನ್ನು ತಲೆಕೆಳಗು ಮಾಡಿ ಕೊಡವಿದ. ಒಂದು ಹಳೆಯ ಟ್ರಾಮ್ ಟಿಕೆಟ್ಟು ಬಿತ್ತು. ಕೋಟಿನ ಜೇಬು ನೋಡಿಕೊಂಡ, ಮೂರು ನಿಂಬೆ ಜೇಬಿನಲ್ಲಿದ್ದರೆ ಇಲ್ಲಿಯತನಕ ಗೊತ್ತಾಗದೆ ಇರುತ್ತಿತ್ತೇ ಎಂಬುದು ತಿಳಿದಿದ್ದರೂ. ನಿನ್ನೆ ಸಂಜೆ ತಾನೇ ಕೈಯಾರೆ ಇಟ್ಟಿದ್ದ. ಇಟ್ಟಿದ್ದ ಎಂದು ನೆನಪು. ಹೆಂಡತಿ ಕ್ಲೆಲಿಯಾಳ ಅಣ್ಣ ಪ್ರತಿ ವರ್ಷ ಗಾರ್ದಾ ಸರೋವರದ ದಂಡೆಯಿಂದ ಬುಟ್ಟಿ ತುಂಬ ಕಳಿಸುತ್ತಿದ್ದ, ಔಷಧಿ ಹೊಡೆಯದ, ಮೇಣ ಸವರದ ನಿಂಬೆ. ಈ ಸಲ ಹಿಮ ಬಿದ್ದು ಗಿಡ ಕರಕಲಾಯಿತು, ಸಿಕ್ಕಿದ್ದು ಮೂರೇ ಎಂದು ಮೂರನ್ನು ಕಳಿಸಿದ್ದ. ಕೆಲಸಕ್ಕೆ ಬೇಕಾದದ್ದೂ ಮೂರೇ. ಅವನ್ನು ಒಂದೊಂದಾಗಿ ಎತ್ತಿ, ತಿರುಗಿಸಿ ನೋಡಿ, ಕಾಗದದಲ್ಲಿ ಸುತ್ತಿ... ಅವಳು ಆಗ ಇಸ್ತ್ರಿ ಮಾಡುತ್ತಿದ್ದಳಲ್ಲವೆ? ಅಥವಾ ಅದು ಹೋದ ವರ್ಷದ ನೆನಪೋ? ಮೊದಲು ಮೂಗು, ಈಗ ಇದು.

ಮೂಗಿನ ವಿಷಯ ಯಾರಿಗೂ ಗೊತ್ತಿರಲಿಲ್ಲ. ಕೆಲವು ಚಳಿಗಾಲಗಳ ಹಿಂದೆ ಒಂದು ಕೆಟ್ಟ ಜ್ವರ ಬಂದು ಹೋಯಿತು. ಹೋಗುವಾಗ ಮನೆ ಖಾಲಿ ಮಾಡುವ ಬಾಡಿಗೆದಾರನ ಹಾಗೆ ಜಗತ್ತಿನ ವಾಸನೆಗಳನ್ನೆಲ್ಲ ಮೂಟೆ ಕಟ್ಟಿಕೊಂಡು ಹೋಯಿತು. ಉಪ್ಪು ಉಪ್ಪಾಗಿತ್ತು, ಹುಳಿ ಹುಳಿಯಾಗಿತ್ತು, ಅಷ್ಟೆ. ಕಾಫಿ ಎಂದರೆ ಬಿಸಿ ಕಹಿ, ಮಾಂಸ ಎಂದರೆ ಒದ್ದೆ ದಾರ. ಎಲಿಸೆಯೊ ಹೇಳಲಿಲ್ಲ. ಹೇಳಿದರೆ ಕತ್ತಿ ಹೋಗುತ್ತಿತ್ತು. ವಾಸನೆ ಬಾರದವನ ಕೈಗೆ ಗ್ರೆಮೊಲಾದ ಕೊಡುವುದೆಂದರೆ ಕಣ್ಣಿಲ್ಲದವನ ಕೈಗೆ ಕ್ಷೌರದ ಕತ್ತಿ ಕೊಟ್ಟ ಹಾಗೆ ಎಂದು ಸಂಘದ ತಾರ್ಚಿಸಿಯೊ ಎಲ್ಲರೆದುರು ನಗುತ್ತಲೇ ಹೇಳಿಬಿಡುತ್ತಿದ್ದ. ಆದ್ದರಿಂದ ಅವನು ನಟಿಸುವುದನ್ನು ಕಲಿತ. ಒಲೆಯ ಬಳಿ ನಿಂತು ಕಣ್ಣು ಮುಚ್ಚಿ ಉಸಿರೆಳೆದು 'ಆಹಾ' ಎನ್ನುತ್ತಿದ್ದ. ಕ್ಲೆಲಿಯಾ ಹೊಸ ಸೆಂಟು ಹಾಕಿಕೊಂಡ ದಿನ ಅವಳ ಮುಖ ನೋಡಿ ಊಹಿಸುತ್ತಿದ್ದ. ಕೊಚ್ಚುವುದಕ್ಕೆ ಕಿವಿ ಸಾಕಾಗಿತ್ತು: ಸೊಪ್ಪು ಕತ್ತಿಯ ಕೆಳಗೆ ಮೊದಲು ಕರಕರ ಎನ್ನುತ್ತದೆ, ಆಮೇಲೆ ಪಿಸುಗುಟ್ಟುತ್ತದೆ, ಆಮೇಲೆ ಸುಮ್ಮನಾಗುತ್ತದೆ, ಸುಮ್ಮನಾದಾಗ ಆಯಿತು ಎಂದರ್ಥ. ಜ್ವರದ ನಂತರದ ಮೊದಲ ವರ್ಷ ಬೆಳ್ಳುಳ್ಳಿ ಎಷ್ಟು ಹಾಕಿದನೋ ಅವನಿಗೇ ಗೊತ್ತಿಲ್ಲ. ಆ ಸಲ ವೈನು ಬೇಗ ಖಾಲಿಯಾಯಿತು, ಒಬ್ಬನ ಕಣ್ಣಲ್ಲಿ ನೀರು ಬಂತು, ಅವನು ಅದನ್ನು ಮೆಚ್ಚುಗೆಯ ಲೆಕ್ಕಕ್ಕೆ ಸೇರಿಸಿದ. ಮರುವರ್ಷದಿಂದಂತೂ ಹೊಗಳಿಕೆ ಹೊಳೆಯಾಗಿ ಹರಿಯಿತು.

ಬಾರಿನ ಕಟ್ಟೆಯ ಮೇಲೆ ಒಂದು ತಟ್ಟೆ ನಿಂಬೆ ಇತ್ತು. ಹೊಳೆಯುವ, ಒಂದೇ ಅಳತೆಯ, ಬಣ್ಣ ಬಳಿದಂಥ ನಿಂಬೆ. ಅಂಥ ನಿಂಬೆ ಬರುವ ಪೆಟ್ಟಿಗೆಯ ಮೇಲೆ 'ಸಿಪ್ಪೆ ತಿನ್ನತಕ್ಕದ್ದಲ್ಲ' ಎಂದು ಅಚ್ಚಾಗಿರುತ್ತದೆಂದು ವರ್ಷವರ್ಷವೂ ಊಟದ ಮುಂಚೆ ಭಾಷಣ ಮಾಡಿದವನು ಅವನೇ. 'ಅದು ಹಣ್ಣಲ್ಲ ಕಣ್ರಯ್ಯ, ಹೊಟ್ಟಿನ ತಲೆಗೆ ಎಣ್ಣೆ ಹಚ್ಚಿ ಬಾಚಿದ ಗಿರಾಕಿ' ಎನ್ನುತ್ತಿದ್ದ, ಎಲ್ಲರೂ ನಗುತ್ತಿದ್ದರು. ಈಗ ಅದರಲ್ಲೊಂದನ್ನು ಮುಟ್ಟುವುದೆಂದರೆ ಎಂಜಲು ಮುಟ್ಟಿದಂತೆ. ನಿಂಬೆ ಮರೆತೆ ಎಂದು ಹೇಳಿಬಿಡಬಹುದಿತ್ತು. ಮರೆತೆ ಎಂಬ ಶಬ್ದ ಗಂಟಲವರೆಗೆ ಬಂದು, ತಾರ್ಚಿಸಿಯೊ ಹುಬ್ಬೇರಿಸುವುದನ್ನು ಅಲ್ಲಿಂದಲೇ ನೋಡಿ, ಹಿಂದಕ್ಕಿಳಿಯಿತು. ಅಡಿಗೆಯ ಪಿನುಚ್ಚ ಒಲೆಯ ಕಡೆ ಮುಖ ಮಾಡಿ ಅನ್ನಕ್ಕೆ ಕೇಸರಿ ನೆನೆಹಾಕುತ್ತಿದ್ದಳು.

"ಎಲ್ಲಾ ಸಿಕ್ತಾ, ಮೇಷ್ಟ್ರೇ?" ಎಂದಳು, ತಿರುಗದೆ.

"ಸಿಕ್ತು ಸಿಕ್ತು."

"ಹಂಗಾದ್ರೆ ಶುರು ಹಚ್ಕೊಳ್ಳಿ. ನಾನು ಆ ಕಡೆ ನೋಡಲ್ಲ, ನಿಮ್ಮ ಕೈಚಳಕ ಕದ್ದೆ ಅಂತ ಆಮೇಲೆ ಅನ್ಬೇಡಿ."

ಸದ್ಯ, ನೋಡುವುದಿಲ್ಲವಲ್ಲ ಎಂದು ಅವನು ದೇವರಿಗೆ ಕೈ ಮುಗಿದ. ಕೊಚ್ಚಿದ. ಹಸಿರು, ಬಿಳಿ. ಹಳದಿ ಇಲ್ಲ. ಹಲಗೆಯ ಮೇಲೆ ಹಸಿರು ಗುಡ್ಡೆ ಬಾವುಟದಿಂದ ಬಣ್ಣವೊಂದು ಕಳಚಿಬಿದ್ದಂತೆ ಪೆದ್ದುಪೆದ್ದಾಗಿ ಕೂತಿತ್ತು. ಅದನ್ನು ಬೋಗುಣಿಗೆ ಸುರಿದು ಮೇಲೊಂದು ತಟ್ಟೆ ಮುಚ್ಚಿದ. ಕೈ ತೊಳೆಯುವಾಗ ಅಭ್ಯಾಸಬಲದಿಂದ ಬೆರಳನ್ನು ಮೂಗಿಗೆ ಹಿಡಿದ. ಬೆರಳು ಬೆರಳಾಗಿತ್ತು.

ಬಾಗಿಲಲ್ಲಿ ತಾರ್ಚಿಸಿಯೊ ಕಾಣಿಸಿಕೊಂಡ. ಅಗಲವಾದ ಮನುಷ್ಯ, ಬಾಯಿ ಅದಕ್ಕಿಂತ ಅಗಲ, ಐದನೇ ತರಗತಿಯಿಂದ ಗೆಳೆಯ. "ಆಯ್ತೇನೋ ಮುದುಕಾ? ಬಾ, ನಿನ್ನ ಸಿಂಹಾಸನ ತಣ್ಣಗಾಗ್ತಿದೆ." ಕೊಚ್ಚಿದವನು ಬಾಣಲೆಯ ಹತ್ತಿರ ಹೋಗಬಾರದು, ನೇರ ಬಂದು ಮೇಜಿನ ತಲೆಯಲ್ಲಿ ಎಲ್ಲರಿಗಿಂತ ಮೊದಲು ಕೂರಬೇಕು, ಊಟ ಬರುವವರೆಗೆ ಏಳಕೂಡದು ಎಂಬುದು ಸಂಘದ ಪದ್ಧತಿ. ಹಳೆಯದಲ್ಲ, ಇತ್ತೀಚೆಗೆ ತಾರ್ಚಿಸಿಯೊನೇ ಸೂಚಿಸಿ, ಕೈಯೆತ್ತಿ ಮತ ಹಾಕಿಸಿ ಮಾಡಿದ್ದು. ಒಂದೇ ಒಂದು ಕೈ ವಿರೋಧ ಬಂದಿರಲಿಲ್ಲ. ಆ ದಿನ ಎಲಿಸೆಯೊ ಮನೆಗೆ ಹೋಗಿ ಹೆಂಡತಿಯೆದುರು, 'ಎಂಥ ಮರ್ಯಾದೆ ಕೊಟ್ಟರು ನೋಡು' ಎಂದು ಕರ್ಚೀಫು ತೆಗೆದಿದ್ದ. ಕ್ಲೆಲಿಯಾ ಪಾತ್ರೆ ತೊಳೆಯುತ್ತ, 'ಕೊಡಬೇಕಾದ್ದೇ' ಎಂದಿದ್ದಳು.

ಕುರ್ಚಿಯಲ್ಲಿ ಕೂತ. ಹೊರಗೆ ಕಪ್ಪುಹಕ್ಕಿಯ ದಿನಗಳ ಮಂಜು. ವರ್ಷದಲ್ಲೇ ಕೆಟ್ಟ ಚಳಿ ಈ ಮೂರು ದಿನ, ಬಿಳಿಯಾಗಿದ್ದ ಹಕ್ಕಿ ಹೊಗೆಗೂಡಿನಲ್ಲಿ ಅಡಗಿ ಕಪ್ಪಾಗಿ ಹೊರಬಂದದ್ದು ಇದೇ ಚಳಿಗೆ ಎಂದು ಅಜ್ಜಿ ಹೇಳುತ್ತಿದ್ದಳು. ಆಟದ ಅಂಗಳದಲ್ಲಿ ಯಾರೋ ಮರೆತ ಮರದ ಚೆಂಡೊಂದು ಮಂಜಿನಲ್ಲಿ ಬೋಳುತಲೆಯಂತೆ ಕಾಣುತ್ತಿತ್ತು. ಒಳಗೆ ಹರಟೆ, ಕುರ್ಚಿ ಎಳೆದಾಟ, ವೈನು. ಹೆಂಗಸರು ತಟ್ಟೆ ಹಚ್ಚಲು ಅಡಿಗೆಮನೆಗೆ ಹೋದರು. ಕ್ಲೆಲಿಯಾ ಕೈಚೀಲವನ್ನು ತೋಳಿಗೆ ಸಿಕ್ಕಿಸಿಕೊಂಡೇ ಹೋದಳು. ಈ ಹೆಂಗಸರು ಕೈಚೀಲ ಬಿಟ್ಟು ಸ್ವರ್ಗಕ್ಕೂ ಹೋಗಲಾರರು ಎಂದುಕೊಂಡ, ಇನ್ನೇನೂ ಯೋಚಿಸಲು ಧೈರ್ಯವಿಲ್ಲದೆ. ಮೊದಲ ತುತ್ತಿಗೆ ಗೊತ್ತಾಗಿಬಿಡುತ್ತದೆ. ತಾರ್ಚಿಸಿಯೊ ಅಗಿಯುವುದನ್ನು ನಿಲ್ಲಿಸಿ, ಫೋರ್ಕು ಕೆಳಗಿಟ್ಟು, 'ಎಲಿಸೆಯೊ, ನಿಂಬೆ ಎಲ್ಲಿ?' ಎನ್ನುತ್ತಾನೆ. ಆಗ ಏನು ಹೇಳುವುದು? ಈ ಸಲ ಹೊಸ ಬಗೆ ಎನ್ನಲೇ? ಬಾವನ ಗಿಡ ಸತ್ತಿತು ಎನ್ನಲೇ? ಅಂಗಡಿಯಲ್ಲಿದ್ದಾಗ, ಗಿರಾಕಿಯ ತಲೆಯ ಹಿಂದೆ ಕನ್ನಡಿ ಹಿಡಿದು 'ಹೇಗಿದೆ?' ಎಂದು ಕೇಳುವ ಆ ಒಂದು ಗಳಿಗೆ ನೆನಪಾಯಿತು. ಅಷ್ಟು ವರ್ಷಗಳಲ್ಲಿ ಒಬ್ಬನೂ ಚೆನ್ನಾಗಿಲ್ಲ ಎಂದಿರಲಿಲ್ಲ. ಕತ್ತರಿಸಿಯಾದ ಮೇಲೆ ಚೆನ್ನಾಗಿಲ್ಲ ಎಂದು ಮಾಡುವುದೇನು? ಅವನೂ ಕನ್ನಡಿಯನ್ನು ಒಂದು ಚೂರು ಓರೆ ಹಿಡಿಯುತ್ತಿದ್ದ, ನೆತ್ತಿಯ ಬೊಕ್ಕೆ ಕಾಣದ ಹಾಗೆ. ಅದು ಸುಳ್ಳಲ್ಲ, ಕಸುಬು.

ತಟ್ಟೆಗಳು ಬಂದವು. ಹಳದಿ ಅನ್ನ, ಮೇಲೆ ಮಾಂಸ, ನಡುವೆ ಮೂಳೆ, ಮೂಳೆಯ ಬಾಯಲ್ಲಿ ನಡುಗುವ ಮಜ್ಜೆ. ಪದ್ಧತಿಯಂತೆ ಎಲ್ಲರೂ ಒಟ್ಟಿಗೆ ಮೊದಲ ತುತ್ತು ಬಾಯಿಗಿಟ್ಟರು. ಎಲಿಸೆಯೊ ಮೇಜುಬಟ್ಟೆಯ ಅಂಚನ್ನು ಹಿಡಿದುಕೊಂಡ.

"ಅಯ್ಯಯ್ಯಪ್ಪಾ," ಎಂದ ತಾರ್ಚಿಸಿಯೊ, ಕಣ್ಣು ಮುಚ್ಚಿ. "ನಿಂಬೆ ಅಂದ್ರೆ ಇದು ಕಣ್ರೋ! ಈ ಸಲದ ನಿಂಬೆ ನೋಡ್ರೋ!"

"ಮೂಗಿಗೆ ಬಂದು ಹೊಡೀತು," ಎಂದ ಇನ್ನೊಬ್ಬ.

"ಗಾರ್ದಾದು ಅಲ್ವಾ, ಮೇಷ್ಟ್ರೇ? ಸರೋವರ ಕಂಡಂಗಾಯ್ತು."

ಮೊದಲು ಬಂದದ್ದು ನಿರಾಳ. ಅವನಿಗೆ ನಗು ಕೂಡ ಬಂತು. ಕತ್ತೆಗಳು! ಹಾಕದ ನಿಂಬೆಯ ಪರಿಮಳ ಬರುತ್ತಿದೆಯಂತೆ. ಇಷ್ಟು ವರ್ಷ ತನ್ನೊಬ್ಬನಿಗೇ ಮೂಗಿಲ್ಲ ಎಂದು ಕೊರಗಿದ್ದೇ ಬಂತು. ಈ ಇಡೀ ಸಂಘಕ್ಕೇ ಮೂಗಿಲ್ಲ, ಕಿವಿಗೆ ಹೇಳಿದ್ದನ್ನು ನಾಲಗೆ ನಂಬುವ ಜನ. ಒಂದು ಬಗೆಯ ಪ್ರೀತಿಯೇ ಉಕ್ಕಿತು ಅವರ ಮೇಲೆ. ಫೋರ್ಕು ಎತ್ತಿಕೊಂಡ. ತನ್ನ ತಟ್ಟೆಯ ಮಾಂಸದ ಮೇಲೆ ಬಾಗಿದ. ಹಸಿರು ಹುಡಿಯ ನಡುವೆ, ಎಣ್ಣೆಯ ಹೊಳಪಿನಲ್ಲಿ, ಸಣ್ಣಸಣ್ಣ ಹಳದಿ ಚುಕ್ಕೆಗಳಿದ್ದವು.

ಅನ್ನದ್ದಿರಬಹುದು, ಕೇಸರಿಯದು. ಫೋರ್ಕಿನ ತುದಿಯಿಂದ ಒಂದನ್ನು ಬಿಡಿಸಿ ತಟ್ಟೆಯ ಬಿಳಿ ಅಂಚಿಗೆ ತಂದ. ಸಿಪ್ಪೆ. ಒಂದು ಮೈ ಹಳದಿ, ಇನ್ನೊಂದು ಮೈಯಲ್ಲಿ ಕೂದಲೆಳೆಯಷ್ಟು ಬಿಳಿ. ಚೌಕವಾಗಿ ಕೊಚ್ಚಿದ್ದು, ಅರ್ಧಚಂದ್ರದಿಂದ ಕೊಚ್ಚಿದರೆ ಹಾಗಾಗುವುದಿಲ್ಲ, ಮನೆಯ ತರಕಾರಿ ಚಾಕುವಿನಿಂದ ಆಗುತ್ತದೆ. ಆ ಚಾಕು ಅವನೇ ಸಾಣೆ ಹಿಡಿದು ಕೊಟ್ಟದ್ದು. ಅವನು ತಲೆಯೆತ್ತಿ ಹೆಂಡತಿಯನ್ನು ನೋಡಿದ. ಕ್ಲೆಲಿಯಾ ಪಕ್ಕದವಳಿಗೆ ಬ್ರೆಡ್ಡು ಮುರಿದುಕೊಡುತ್ತಿದ್ದಳು. ಕೈಚೀಲ ಅವಳ ಕಾಲ ಬಳಿ ಬಾಯಿ ತೆರೆದು ಬಿದ್ದಿತ್ತು, ಅದರೊಳಗೆ ಏಪ್ರಿಕಾಟ್ ಜಾಮಿನ ಖಾಲಿ ಶೀಸೆ, ಗಾಜಿನ ಒಳಮೈಗೆ ಅಂಟಿದ ಹಸಿರು. ಅಂದರೆ ಅವನು ಕೊಚ್ಚಿದ್ದು ಎಲ್ಲಿ? ಕೇಳುವ ಅಗತ್ಯವಿರಲಿಲ್ಲ. ಒಲೆಯ ಪಕ್ಕದ ಕಸದ ಡಬ್ಬಿಯಲ್ಲಿ, ಈರುಳ್ಳಿ ಸಿಪ್ಪೆ ಕಾಫಿ ಚರಟದ ಜೊತೆ, ಇಷ್ಟು ಹೊತ್ತಿಗೆ ಬಾಡಿರಬೇಕು. ಪಿನುಚ್ಚ ತಿರುಗಿ ನೋಡಲಿಲ್ಲ, ಬಿಸಾಡುವುದನ್ನು ನೋಡುವುದೇನಿದೆ. ಸಿಂಹಾಸನ ಕೊಟ್ಟರು, ಅಡಿಗೆಮನೆಯಿಂದ ಆಚೆ ಕಳಿಸುವುದಕ್ಕೆ. ಮತ ಹಾಕಿದರು! ತನ್ನ ಮೂಗಿಗೆ ತುಪ್ಪ ಸವರಬೇಕೆ ಬೇಡವೆ ಎಂದು ಕೈಯೆತ್ತಿ ಮತ ಹಾಕಿದರು, ತಾನೂ ಎತ್ತಿದ್ದ. ಮತ್ತೆ ಆ ಬೆಳಿಗ್ಗೆ. ಇದೇ ಚಳಿ, ಅವನು ಅಡಿಗೆಮನೆಯಲ್ಲಿ ಪೇಪರು ಓದುತ್ತ ಕೂತಿದ್ದ, ಪೇಟೆಯಿಂದ ಬಂದ ಕ್ಲೆಲಿಯಾ ಬಾಗಿಲಲ್ಲೇ ಒಂದು ಗಳಿಗೆ ನಿಂತಳು, ನಡೆದು ಹೋಗಿ ಗ್ಯಾಸಿನ ತಿರುಪು ತಿರುಗಿಸಿ ಮುಚ್ಚಿದಳು, ಕಿಟಕಿಗಳನ್ನೆಲ್ಲ ತೆರೆದಳು. 'ಗಾಳಿಯಾಡಲಿ' ಎಂದಳು. 'ಇಂಥ ಚಳಿಯಲ್ಲಿ?' ಎಂದಿದ್ದ ಅವನು. ಅಂದಿನಿಂದ ಕಾಫಿ ಅವಳೇ ಮಾಡುತ್ತಾಳೆ, 'ನೀನು ಕೂತ್ಕೋ' ಎನ್ನುತ್ತಾಳೆ, ಅವನು ಅದಕ್ಕೆ ಪ್ರೀತಿ ಎಂದು ಹೆಸರಿಟ್ಟಿದ್ದ. ಪ್ರೀತಿಯೇ ಇರಬಹುದು, ಅದೇ ಹೊಲಸು. ಹೊಗಳಿಸಿಕೊಂಡು ಮನೆಗೆ ಹೋಗಿ ಹಾಸಿಗೆಯಲ್ಲಿ ಅವರ ಮಾತುಗಳನ್ನು ಒಂದೊಂದಾಗಿ ನೆನೆಸಿ ಚೀಪುತ್ತಿದ್ದನಲ್ಲ, ಪಕ್ಕದಲ್ಲಿ ಮಲಗಿದವಳಿಗೆ ಅದನ್ನೆಲ್ಲ ಮತ್ತೆ ಹೇಳುತ್ತಿದ್ದನಲ್ಲ, ಅವಳು 'ಹೂಂ, ಹೂಂ' ಎನ್ನುತ್ತ ತನ್ನದೇ ಅಡಿಗೆಯ ಹೊಗಳಿಕೆಯನ್ನು ಅವನ ಬಾಯಿಂದ ಕೇಳುತ್ತಿದ್ದಳಲ್ಲ! ಇಷ್ಟು ಜನ, ಇಷ್ಟು ವರ್ಷ, ಒಬ್ಬನಾದರೂ ಕುಡಿದು ಬಾಯಿಬಿಡಬಾರದಿತ್ತೆ? ಕಿವಿಗೆ ಹೂವಿಡುವುದರಲ್ಲಿ ಈ ಶಿಸ್ತನ್ನು ಅವರು ಬೊಚ್ಚೆಯಲ್ಲಿ ತೋರಿಸಿದ್ದರೆ ಜಿಲ್ಲೆಯ ಗೆಲುವಿನ ಕಪ್ ಇಲ್ಲಿರುತ್ತಿತ್ತು.

ತಾರ್ಚಿಸಿಯೊ ಲೋಟ ಹಿಡಿದು ಎದ್ದ. ಮೇಷ್ಟರ ಕೈಗೆ ದೇವರು ನೂರು ವರ್ಷ ಕೊಡಲಿ, ಈ ಕೈ ಇರುವವರೆಗೆ ಈ ಸಂಘಕ್ಕೆ ಸಾವಿಲ್ಲ ಎಂದ. ಚಪ್ಪಾಳೆ. ಮಾತಾಡು, ಮಾತಾಡು ಎಂದು ಕೂಗಿದರು. ಎಲಿಸೆಯೊ ಎದ್ದ. ತಾನು ಹೇಳಬಹುದಾದ ಮಾತುಗಳೆಲ್ಲ ಬಾಯಲ್ಲಿ ಒಟ್ಟಿಗೆ ನುಗ್ಗಿ ಬಾಗಿಲಲ್ಲೇ ಸಿಕ್ಕಿಕೊಂಡವು. ಕೊನೆಗೆ ಹೊರಬಿದ್ದದ್ದು ತೀರ ಸಣ್ಣದು.

"ನಾನು ಇವತ್ತು ನಿಂಬೆ ಹಾಕಿಲ್ಲ," ಎಂದ.

ಫೋರ್ಕುಗಳು ನಿಂತವು. ಮೇಜಿನ ಉದ್ದಕ್ಕೂ ಕಣ್ಣುಗಳು ಒಂದನ್ನೊಂದು ಮುಟ್ಟಿ ಹಿಂದೆ ಸರಿದವು. ಪಿನುಚ್ಚ ಅಡಿಗೆಮನೆಯ ಬಾಗಿಲಲ್ಲಿ ಒರೆಸುವ ಬಟ್ಟೆ ಹಿಡಿದು ನಿಂತಳು. ಕ್ಲೆಲಿಯಾ ತಟ್ಟೆ ನೋಡುತ್ತಿದ್ದಳು. ಒಂದೇ ಒಂದು ಗಳಿಗೆ, ಎಲ್ಲ ಮುರಿದು ಬೀಳುತ್ತದೆ, ಬಿದ್ದರೆ ಒಳ್ಳೆಯದೇ ಎಂದು ಅವನಿಗೆ ಅನ್ನಿಸಿತು. ಆಮೇಲೆ ತಾರ್ಚಿಸಿಯೊನ ನಗು ಎದ್ದಿತು, ಹೊಟ್ಟೆಯಿಂದ, ದೊಡ್ಡದಾಗಿ.

"ಕೇಳಿದ್ರಾ? ನಿಂಬೆ ಹಾಕಿಲ್ಲವಂತೆ! ಗುಟ್ಟು ಬಿಟ್ಟುಕೊಡೋ ಆಸಾಮಿನಾ ಇವ್ನು?"

"ಹಾಕ್ದೆ ಇಷ್ಟು, ಹಾಕಿದ್ರೆ ಇನ್ನೆಷ್ಟು!" ಎಂದ ಇನ್ನೊಬ್ಬ. ಮೇಜು ಹೊಟ್ಟೆ ಹಿಡಿದುಕೊಂಡು ನಕ್ಕಿತು, ಚಪ್ಪಾಳೆ ತಟ್ಟಿತು, ಲೋಟಗಳು ಡಿಕ್ಕಿ ಹೊಡೆದವು. ತಾರ್ಚಿಸಿಯೊ ಬಂದು ಅವನನ್ನು ಬಾಚಿ ತಬ್ಬಿಕೊಂಡ. ತಬ್ಬಿಕೊಂಡ ಕೈ ಬೆನ್ನಿನ ಮೇಲೆ ಬಿಗಿಯಾಗಿ, ಬೇಡಿಕೊಳ್ಳುವ ಹಾಗೆ, ಒತ್ತುತ್ತಿತ್ತು. ಕಿವಿಯಲ್ಲಿ, "ಕೂತ್ಕೊಳ್ಳೋ," ಎಂದ, "ತಣ್ಣಗಾಗತ್ತೆ."

ಎಲಿಸೆಯೊ ಕೂತ. ಮಜ್ಜೆಯನ್ನು ಸಣ್ಣ ಚಮಚದಿಂದ ಗೆಬರಿ ತಿಂದ. ಬಿಸಿ ಎಣ್ಣೆ.

ಟ್ರಾಮಿನಲ್ಲಿ ಅವರಿಬ್ಬರೂ ಅಕ್ಕಪಕ್ಕ ಕೂತರು, ಚೀಲ ಅವನ ತೊಡೆಯ ಮೇಲೆ, ಕೈಚೀಲ ಅವಳ ತೊಡೆಯ ಮೇಲೆ. ಶೀಸೆ ಅದರೊಳಗೆ ಕೀಲಿಕೈಗೆ ತಾಗಿ ಪ್ರತಿ ತಿರುವಿನಲ್ಲೂ ಕಿಣಿ ಎನ್ನುತ್ತಿತ್ತು, ಇಬ್ಬರೂ ಕೇಳಿಸಿಕೊಳ್ಳಲಿಲ್ಲ. ಮಂಜಿನ ಆಚೆ ಬೀದಿಗಳು ಹೋದವು. ಅವನು ಮಾರಿದ ಅಂಗಡಿಯಲ್ಲಿ ಈಗ ಬೂಟು ಮಾರುತ್ತಾರೆ. ಕನ್ನಡಿಗಳನ್ನು ಉಳಿಸಿಕೊಂಡಿದ್ದಾರೆ, ಕಾಲಿನ ಎತ್ತರಕ್ಕೆ ಇಳಿಸಿ. ನಿಂಬೆ ಮರೆತದ್ದಂತೂ ನಿಜ ತಾನೆ, ಎಂದು ಅವನು ಯೋಚಿಸುತ್ತಿದ್ದ. ಅವರು ಮೋಸ ಮಾಡಿದರು, ಸರಿ. ಆದರೆ ನಿಂಬೆ ಮರೆತವನು ನಾನೇ. ಇಟ್ಟೆ ಎಂದು ಕಣ್ಣಿಗೆ ಕಟ್ಟಿದಂತಿದೆ, ಇಟ್ಟಿರಲಿಲ್ಲ. ಇನ್ನು ಏನೇನನ್ನು ಹೀಗೆ ಮಾಡದೆ ಮಾಡಿದ್ದೇನೆ? ನಾಳೆ ಅವಳ ಹೆಸರು ಮರೆತರೆ ಅದಕ್ಕೂ ಒಂದು ಶೀಸೆ ತುಂಬಿ ತರುತ್ತಾಳೆಯೆ?

ಮನೆಯಲ್ಲಿ ಅವನು ಕೋಟು ತೆಗೆಯದೆ ಅಡಿಗೆಮನೆಗೆ ಹೋದ, ನೀರು ಕುಡಿಯಲು. ಲೋಟದ ಕಪಾಟಿನಲ್ಲಿ, ಹಿಟ್ಟಿನ ಡಬ್ಬಿಯ ಹಿಂದೆ, ಬಟ್ಟೆ ಮುಚ್ಚಿದ ತಟ್ಟೆಯೊಂದು ಕಂಡಿತು. ಬಟ್ಟೆ ಎತ್ತಿದ. ಮೂರು ನಿಂಬೆ. ಸಿಪ್ಪೆಯನ್ನೆಲ್ಲ ಹೆರೆದು ತೆಗೆದಿತ್ತು. ಬಿಳಿಯ, ಬೋಳಾದ, ಅಲ್ಲಲ್ಲಿ ಚಾಕು ಆಳವಾಗಿ ಹೋಗಿ ಒದ್ದೆಯಾದ, ಹುಟ್ಟುತ್ತಲೇ ಮುದಿಯಾದಂತಹ ಮೂರು ನಿಂಬೆ. ಅವನು ಬೆಳಿಗ್ಗೆ ಕ್ಷೌರ ಮಾಡಿಕೊಳ್ಳಲು ತೆಗೆದುಕೊಳ್ಳುವ ಹೊತ್ತು ಇಡೀ ಬೀದಿಗೆ ಗೊತ್ತಿದ್ದದ್ದೇ. ಅಷ್ಟು ಹೊತ್ತಿನಲ್ಲಿ ಚೀಲ ಬಿಚ್ಚಿ, ತೆಗೆದು, ಹೆರೆದು, ಕೊಚ್ಚಬಹುದು. ಕ್ಲೆಲಿಯಾ ಬಾಗಿಲಲ್ಲಿ ಬಂದು ನಿಂತಳು. ಟೋಪಿಯ ಪಿನ್ನು ತೆಗೆಯುತ್ತಿದ್ದಳು.

"ಬೇರೆ ಮೂರು ತಂದು ನಿನ್ನ ಚೀಲಕ್ಕೆ ಹಾಕ್ಬೇಕು ಅಂದ್ಕೊಂಡಿದ್ದೆ," ಎಂದಳು. "ಪ್ರತಿ ಸಲ ಬುಟ್ಟಿ ತುಂಬ ಇರ್ತಿತ್ತು. ಭಾನುವಾರ, ಅಂಗಡಿ ಮುಚ್ಚಿತ್ತು."

"ಯಾವಾಗಿಂದ?"

"ಕಿಟಕಿ ತೆಗೆದ ವರ್ಷದಿಂದ."

"ಎಲ್ಲರಿಗೂ ಹೇಳಿದೆಯಾ?"

"ತಾರ್ಚಿಸಿಯೊಗೆ ಒಬ್ಬನಿಗೆ ಹೇಳ್ದೆ. ಅವನಿಗೆ ಹೇಳಿದ್ರೆ ಬೇರೆಯವರಿಗೆ ಹೇಳೋ ಕೆಲ್ಸ ಉಳಿಯತ್ತಾ?"

"ನನಗೆ ಹೇಳಲಿಲ್ಲ."

"ನೀನು ನನಗೆ ಹೇಳಿದೆಯಾ, ಎಲಿಸೆಯೊ? ಹಾಸಿಗೆಯಲ್ಲಿ ಪಕ್ಕದಲ್ಲಿ ಮಲಗೋಳು ನಾನು. ಹಾಲು ಒಡೆದಿದ್ರೂ ನೀನು ಕುಡೀತಿದ್ದೆ. 'ಆಹಾ' ಅಂತಿದ್ದೆ."

ಅವನ ಬಾಯಿಗೆ ಬಂದದ್ದು ಬೇರೆಯೇ ಮಾತು. "ನೆನಪೂ ಹೋಯಿತು ಅಂತ ಬೆಳಿಗ್ಗೆಯಿಂದ ಸತ್ತುಹೋಗಿದ್ದೆ ಕಣೇ. ಇಟ್ಟಿದ್ದೆ ಅಂತ ಗೊತ್ತು, ಇಲ್ಲ. ಚೀಲ ಬೋರಲು ಹಾಕಿದೆ."

ಕ್ಲೆಲಿಯಾ ಪಿನ್ನನ್ನು ಟೋಪಿಗೆ ಚುಚ್ಚಿ, ಟೋಪಿಯನ್ನು ಕುರ್ಚಿಯ ಮೇಲಿಟ್ಟಳು.

"ಗೊತ್ತು," ಎಂದಳು. "ಸಂಘದ ಅಡಿಗೆಮನೆ ಬಾಗಿಲ ಹತ್ರ ನಿಂತಿದ್ದೆ. ನೋಡ್ದೆ."

"ನೋಡಿ?"

"ನೋಡಿ, ಒಳಗೆ ಬರಲಿಲ್ಲ."

ಅವನು ಒಂದು ನಿಂಬೆಯನ್ನು ಎತ್ತಿಕೊಂಡ. ಸಿಪ್ಪೆಯಿಲ್ಲದ ನಿಂಬೆ ಕೈಗೆ ಮೆತ್ತಗೆ, ಯಾರದೋ ಕ್ಷೌರ ಮಾಡಿದ ಗದ್ದದ ಹಾಗೆ ತಣ್ಣಗಿತ್ತು. ಅದನ್ನು ಮೂಗಿಗೆ ಹಿಡಿದು ದೀರ್ಘವಾಗಿ ಉಸಿರೆಳೆದ. ಕ್ಲೆಲಿಯಾ ಅವನ ಮುಖವನ್ನೇ ನೋಡುತ್ತಿದ್ದಳು. ಈ ಸಲ ಅವನು 'ಆಹಾ' ಎನ್ನಲಿಲ್ಲ. ನಿಂಬೆಯನ್ನು ತಟ್ಟೆಯಲ್ಲಿಟ್ಟು, ಬಟ್ಟೆ ಮುಚ್ಚಿ, ಕೋಟು ಬಿಚ್ಚಲು ಹೋದ. ಸ್ವಲ್ಪ ಹೊತ್ತಿಗೆ ಅವಳು ಒಲೆ ಹಚ್ಚಿ ಕಾಫಿಗೆ ಇಡುವ ಸದ್ದು ಕೇಳಿಸಿತು.

ಮುಂದಿನ ಜನವರಿಯಲ್ಲೂ ಗ್ರೆಮೊಲಾದ ಕೊಚ್ಚಿದವನು ಎಲಿಸೆಯೊನೇ. ನಿಂಬೆ ಮಾತ್ರ ಆರು ತಂದರು.